ನಿಂತವರ ಮೂಲೆ

ಮೋಸುಲ್, ಇರಾಕ್, ೪ ಅಕ್ಟೋಬರ್ ೧೯೮೨

ಕರೀಮಾಳ ಅಮ್ಮನಿಗೆ ಸಲಾಮು.

ಬಂದು ಮುಟ್ಟಿದೆ. ಮೊದಲು ಹಡಗು, ಆಮೇಲೆ ಬಸ್ಸು, ಕುಳಿತೂ ಕುಳಿತೂ ಬೆನ್ನು ಹಲಗೆಯಾಗಿದೆ. ಬಾಕಿಯೆಲ್ಲ ದೇವರ ದಯೆ. ಇಲ್ಲಿ ದೊಡ್ಡ ಕಟ್ಟಡ ಏಳುತ್ತಿದೆ. ನನ್ನನ್ನು ಗಾರೆಯವರ ಮೇಲ್ವಿಚಾರಣೆಗೆ ಹಾಕಿದ್ದಾರೆ, ಕೈಕೆಳಗೆ ಜನ ಇದ್ದಾರೆ. ಓಣಿಯಲ್ಲಿ ಯಾರಾದರೂ ಕೇಳಿದರೆ ಹಾಗೆಂದು ಹೇಳು. ಕೇಳದಿದ್ದರೂ ಹೇಳು.

ಈಗ ಸಾಬಿರ್‌ಗೆ ಒಪ್ಪಿಸಿ ಬಂದ ನಮ್ಮ ಬೇಯಿಸಿದ ಕಾಳಿನ ಗಾಡಿಯ ವಿಷಯ. ಸಾಬಿರ್ ನನ್ನ ಚಿಕ್ಕಮ್ಮನ ಮಗನೇ ಆದರೂ ಸೋಮಾರಿ. ಸಂಜೆ ಕಾಳು ನೆನೆದ ಗಡಿಗೆಯನ್ನು ಹಮಾಮಿನ ನೀರು ಕಾಯಿಸುವ ಒಲೆಗೆ ಒಯ್ದು ಬೂದಿಯಲ್ಲಿ ಹೂಳಿಸುವುದು, ನಸುಕಿನಲ್ಲಿ ತೆಗೆಸಿ ಗಾಡಿಗೇರಿಸುವುದು, ಇದನ್ನು ಒಂದು ದಿನವೂ ತಪ್ಪಿಸಕೂಡದೆಂದು ಅವನ ಕಿವಿ ಹಿಂಡು. ನಮ್ಮ ಬೀದಿಯ ಕಟ್ಟಳೆ ನಿನಗೂ ಗೊತ್ತು. ಕಾಗದವಿಲ್ಲ, ಪತ್ರವಿಲ್ಲ, ಗಾಡಿ ನಿಂತವರದೇ ಮೂಲೆ. ಬಣ್ಣಗಾರರ ಓಣಿಯ ಬಾಯಲ್ಲಿ, ಹಳೇ ನೀರಿನ ಕಟ್ಟೆಯ ನೆರಳಲ್ಲಿ ಅಪ್ಪ ನಿಂತ, ನಾನು ನಿಂತೆ. ಲಿವರ್ ಹುರಿದು ಮಾರುವ ಗಲಾಲ್ ಅಲ್ಲಿಗೆ ಬರಲು ಎಷ್ಟು ವರ್ಷದಿಂದ ಕಣ್ಣಿಟ್ಟಿದ್ದಾನೆ. ಆ ಮೂಲೆ ಹೋದರೆ ನಾನು ತಿರುಗಿ ಬಂದು ಮಾಡುವುದೇನು?

ನೀನು ಮಾತ್ರ ಮೇಲೆಯೇ ಇರು. ಏನು ಬೇಕಾದರೂ ಕಿಟಕಿಯಿಂದ ಬುಟ್ಟಿ ಇಳಿಸು. ಬೆಳಗಿನ ಹೊತ್ತು ಗಂಡಸರು ನಿಂತು ತಿನ್ನುವ ಕಡೆ ನೀನು ಸುಳಿಯುವುದು ಬೇಡ. ನಾನು ಇಷ್ಟು ದೂರ ಬಂದದ್ದೇ ನೀನು ಬೀದಿಗೆ ಇಳಿಯಬಾರದೆಂದು.

ನಮ್ಮ ಮಗಳು ಕರೀಮಾಳ ಹಣೆಗೆ ಮುತ್ತು.

ರಜಬ್


ಕೈರೋ, ೨೬ ಅಕ್ಟೋಬರ್
(ಅಂಚೆಗೆ ಹಾಕದೆ ಉಳಿದದ್ದು)

ನಿಮಗೆ ನಿಜವನ್ನೇ ಬರೆಯುತ್ತೇನೆಂದು ಕುಳಿತಿದ್ದೇನೆ.

ಸಾಬಿರ್ ಒಂದು ವಾರವೂ ನಿಲ್ಲಲಿಲ್ಲ. "ಅತ್ತಿಗೆ, ಆ ಬೂದಿ ನನ್ನ ಎದೆಗೆ ಆಗಲ್ಲ. ಪೋರ್ಟ್ ಸಯೀದ್‌ನಲ್ಲಿ ಬಟ್ಟೆ ವ್ಯಾಪಾರ ಅಂತೆ, ಸ್ನೇಹಿತ ಕರೀತಿದಾನೆ" ಅಂದ. ಮಾರನೆಯ ದಿನ ಕಿಟಕಿ ತೆರೆದರೆ ಗಲಾಲ್ ಬಕೆಟ್ ತಂದು ನಮ್ಮ ಮೂಲೆ ತೊಳೆಯುತ್ತಿದ್ದಾನೆ. ತಮ್ಮದಲ್ಲದ ನೆಲವನ್ನು ಯಾರಾದರೂ ತೊಳೆಯುತ್ತಾರೆಯೇ? ನನಗೆ ಮೈಯೆಲ್ಲ ಉರಿಯಿತು. ಮೇಲುಹೊದಿಕೆ ಎಳೆದುಕೊಂಡು ಇಳಿದೆ. ಗಾಡಿಯನ್ನು ತಳ್ಳಿಕೊಂಡು ಹೋಗಿ ಅವನು ತೊಳೆದ ಒದ್ದೆ ನೆಲದ ಮೇಲೆಯೇ ನಿಲ್ಲಿಸಿದೆ. ಗಡಿಗೆಯಲ್ಲಿ ಒಂದು ಕಾಳೂ ಇರಲಿಲ್ಲ.

ಕಾಫಿ ಅಂಗಡಿಯಿಂದ ಒಬ್ಬ ಕೂಗಿದ. "ಏನಮ್ಮಾ, ಗಾಳಿ ಮಾರ್ತಿದ್ದೀಯಾ?"

"ಹೌದು. ನಿನಗೆಷ್ಟು ಬೇಕು?" ಎಂದೆ.

ಮಧ್ಯಾಹ್ನದವರೆಗೆ ಖಾಲಿ ಗಾಡಿಯ ಹಿಂದೆ ನಿಂತೆ. ಅಂದು ಸಂಜೆ ಕಾಳು ನೆನೆಸಿ ಗಡಿಗೆ ಹೊತ್ತು ಹಮಾಮಿಗೆ ಹೋದರೆ, ಒಲೆ ಕಾಯುವ ಗಾದ್ ಚಿಕ್ಕಪ್ಪ ನನ್ನನ್ನೂ ಗಡಿಗೆಯನ್ನೂ ನೋಡಿ, "ಇಲ್ಲಿಡು" ಅಂದರು. ಅಷ್ಟೇ. ಅವತ್ತಿನಿಂದ ದಿನವೂ ನಿಲ್ಲುತ್ತಿದ್ದೇನೆ.

ಇದನ್ನು ಹೀಗೆಯೇ ಕಳಿಸಿದರೆ ನೀವು ಮುಂದಿನ ಬಸ್ಸಿಗೇ ಹೊರಟು ಬರುತ್ತೀರಿ. ಮೊದಲು ನನ್ನನ್ನು ಮೇಲೆ ಕಳಿಸುತ್ತೀರಿ, ಆಮೇಲೆ ಅಲ್ಲಿಯ ಸಂಬಳವೂ ಇಲ್ಲದೆ ಇಬ್ಬರೂ ಕುಳಿತು ಗೋಡೆ ನೋಡುತ್ತೇವೆ. ಬೇಡ. ಬೇರೆ ಬರೆಯುತ್ತೇನೆ.


ಕೈರೋ, ೨೭ ಅಕ್ಟೋಬರ್

ಕರೀಮಾಳ ಅಪ್ಪನಿಗೆ ಸಾವಿರ ಸಲಾಮು.

ಮೇಲ್ವಿಚಾರಣೆಯ ಸುದ್ದಿ ಕೇಳಿ ಓಣಿಗೆ ಓಣಿಯೇ ಹಿಗ್ಗಿದೆ. ಕೇಳದವರಿಗೂ ಹೇಳಿದ್ದೇನೆ.

ಸಾಬಿರ್ ದಿನವೂ ನಿಲ್ಲುತ್ತಿದ್ದಾನೆ, ಚಿಂತೆ ಬೇಡ. ಹುಡುಗನಿಗೆ ಕಲಿಯುವ ಆಸೆ ಇದೆ, ಹೇಳಿಕೊಡುವವರಿಲ್ಲ. ಮೊನ್ನೆ ಸಂಜೆ ಗಡಿಗೆಗೆ ಉಪ್ಪು ಹಾಕಿ ಕಳಿಸಿದ್ದಾನೆ. ಬೆಳಿಗ್ಗೆ ನೋಡಿದರೆ ಕಾಳು ಕಲ್ಲು! ಮೂಟೆ ಹೊರುವ ಅಬೂ ಸರೀ ಒಂದು ಅಗಿದು ಉಗಿದು, "ಇದು ತಿನ್ನೋಕಾ, ಗೋಲಿ ಆಡೋಕಾ?" ಎಂದನಂತೆ. ಎಲ್ಲರೂ ನಕ್ಕರಂತೆ. ಸಾಬಿರ್‌ಗೆ ಅಳುವೇ ಬಂತಂತೆ. ಹಾಗಾಗಿ ಉಪ್ಪು ಯಾವಾಗ, ನೀರು ಎಷ್ಟು, ತಳ ಹಿಡಿಯದಂತೆ ಏನು ಮಾಡಬೇಕು ಎಂದು ಅವನು ಕೇಳುತ್ತಿದ್ದಾನೆ. ಬಿಡಿಸಿ ಬರೆಯಿರಿ.

ಇನ್ನೊಂದು. ಒಲೆಯ ಹತ್ತಿರ ಹೋಗಿ ಬಂದರೆ ತಲೆಗೂದಲಿಗೆಲ್ಲ ಬೂದಿ. ತೊಳೆದು ಒಣಗಿಸುವಷ್ಟರಲ್ಲಿ ಸಾಬಿರ್‌ಗೆ ಮಧ್ಯಾಹ್ನವೇ ಕಳೆಯುತ್ತದೆ. ಅದಕ್ಕೇನಾದರೂ ಉಪಾಯ ಉಂಟೇ?

ನಾನು ಮೇಲೆ ಕ್ಷೇಮ.

ಕರೀಮಾಳ ಅಮ್ಮ


ಮೋಸುಲ್, ೨೦ ನವೆಂಬರ್

ಕರೀಮಾಳ ಅಮ್ಮನಿಗೆ ಸಲಾಮು.

ಉಪ್ಪು! ಅಪ್ಪ ಕೇಳಿದ್ದರೆ ಗೋರಿಯಿಂದ ಎದ್ದು ಬರುತ್ತಿದ್ದ. ಆ ಕತ್ತೆಗೆ ಹೇಳು, ಉಪ್ಪು ಬಟ್ಟಲಿಗೆ, ಗಡಿಗೆಗಲ್ಲ. ಬೇಯುವ ಕಾಳಿಗೆ ಉಪ್ಪು ತಾಗಿದರೆ ಅದು ಮುನಿಸಿಕೊಂಡ ಅತ್ತೆಯ ಹಾಗೆ, ಎಷ್ಟು ಕಾಯಿಸಿದರೂ ಮೆತ್ತಗಾಗುವುದಿಲ್ಲ. ಸಣ್ಣ ಕಾಳನ್ನೇ ಕೊಳ್ಳಬೇಕು. ಒಂದು ಹಿಡಿ ಕೆಂಪು ಬೇಳೆ ಹಾಕಿದರೆ ಗಂಜಿ ಗಟ್ಟಿಯಾಗುತ್ತದೆ. ನೀರು ಕಡಿಮೆಯಾದರೆ ಕುದಿನೀರನ್ನೇ ಹಾಕಬೇಕು, ತಣ್ಣೀರು ಹಾಕಿದರೆ ಸಿಪ್ಪೆ ಕಪ್ಪಾಗುತ್ತದೆ. ಕಲಕಲೇಬಾರದು. ಉದ್ದ ಸೌಟು ಕೊರಳಿನ ಒಳಗೆ ನೆಟ್ಟಗೆ ಇಳಿಯಬೇಕು, ನೆಟ್ಟಗೆ ಮೇಲೆ ಬರಬೇಕು. ಗಡಿಗೆಯನ್ನು ಒಲೆಯ ಬಾಯಿಂದ ದೂರ, ಬೂದಿಯ ನಡುವೆ ಹೂಳುವಂತೆ ಗಾದ್ ಚಿಕ್ಕಪ್ಪನಿಗೆ ಹೇಳಲಿ. ಒಳಗಿನ ಕಲಾಯಿ ಸವೆದಿದ್ದರೆ ಕೂಡಲೇ ಹಾಕಿಸಲಿ, ತಾಮ್ರ ಹೊಟ್ಟೆಗೆ ವಿಷ.

ಇಷ್ಟು ಬರೆಯುವಾಗ ಮೂಗಿಗೆ ಜೀರಿಗೆಯ ವಾಸನೆ ಬಂದಂತಾಯಿತು. ಇಲ್ಲಿ ಊಟಕ್ಕೆ ರುಚಿಯಿಲ್ಲ.

ಅಂದಹಾಗೆ, ಸಾಬಿರ್‌ಗೆ ತಲೆಗೂದಲು ಯಾವಾಗ ಅಷ್ಟು ಉದ್ದ ಬಂತು? ಸಿನಿಮಾ ನಟನೇನು ಅವನು? ಕ್ಷೌರದವನ ಹತ್ತಿರ ಕಳಿಸು.

ನನ್ನ ಕೈ ಬಿರಿದು ರಕ್ತ ಬರುತ್ತಿದೆ, ಅದಕ್ಕೇ ಅಕ್ಷರ ಸೊಟ್ಟ. ಬೇರೇನಿಲ್ಲ.

ರಜಬ್


ಕೈರೋ, ೧೫ ಡಿಸೆಂಬರ್

ಕರೀಮಾಳ ಅಪ್ಪನಿಗೆ ಸಾವಿರ ಸಲಾಮು.

ನಿಮ್ಮ ಕೈ ಬಿರಿದಿದೆ ಎಂದು ಓದಿ ಮನಸ್ಸಿಗೆ ಕಷ್ಟವಾಯಿತು. ಮೇಲ್ವಿಚಾರಕರು ಸಿಮೆಂಟು ಮುಟ್ಟುವುದೇಕೆ? ಆಳುಗಳು ಮುಟ್ಟಲಿ. ಮಲಗುವಾಗ ಎಣ್ಣೆ ಹಚ್ಚಿಕೊಳ್ಳಿ.

ನೀವು ಬರೆದಂತೆಯೇ ಮಾಡಿದ್ದಕ್ಕೆ ಕಾಳು ಬೆಣ್ಣೆಯಾಗಿದೆ! ಗಡಿಗೆಯ ಮುಚ್ಚಳ ತೆಗೆದರೆ ಓಣಿಯ ಮೂರನೇ ಮಹಡಿಗೆ ಗೊತ್ತಾಗುತ್ತದೆ. ಸಾಬಿರ್ ನಿಂಬೆರಸಕ್ಕೆ ಜೀರಿಗೆ, ಹಸಿಮೆಣಸು ಅರೆದು ಸೇರಿಸುತ್ತಾನೆ, ಅದು ನಮ್ಮ ಮನೆಯಲ್ಲಿ ಮಾಡುವ ಹಾಗೆಯೇ. ಈಗ ಹೆಂಗಸರೂ ಬರತೊಡಗಿದ್ದಾರೆ. ಮೊದಲೆಲ್ಲ ಬುಟ್ಟಿ ಇಳಿಸುತ್ತಿದ್ದವರು ತಾವೇ ಇಳಿದು ಬರುತ್ತಾರೆ. ಕಟ್ಟೆಯ ಆ ಬದಿಯಲ್ಲಿ ಅವರಿಗೆಂದೇ ಸಾಬಿರ್ ಜಾಗ ಮಾಡಿದ್ದಾನೆ. ಹೊಲಿಗೆಗೆ ಹೋಗುವವರು, ಆಸ್ಪತ್ರೆಯ ಆಯಾಗಳು, ಬಟ್ಟಲು ಹಿಡಿದು ನಿಂತು ನಗುತ್ತಾ, ಮಾತಾಡುತ್ತಾ ತಿನ್ನುತ್ತಾರೆ. ನಿಮಗೆ ನೋಡಲು ಚೆನ್ನಾಗಿರುತ್ತಿತ್ತು.

ಕಳೆದ ವಾರ ಹಬೆ ಹೊಡೆದು ಮುಂಗೈ ಸುಟ್ಟಿತು, ಸಾಬಿರ್‌ನದು. ರಾತ್ರಿಯೆಲ್ಲ ನಿದ್ದೆಯಿಲ್ಲ, ಉರಿ. ಆದರೂ ಬೆಳಿಗ್ಗೆ ಹೋಗಿ ನಿಂತದ್ದೇ. ಅಷ್ಟು ಗಟ್ಟಿ ಜೀವ. ನಿಜ ಹೇಳಲೇ, ಇಷ್ಟು ಕೈಲಾಗುತ್ತದೆಂದು ನಾನು ಎಣಿಸಿರಲಿಲ್ಲ.

ನೀವು ನಮ್ಮ ಬಗ್ಗೆ ನಿಶ್ಚಿಂತರಾಗಿರಿ.

ಕರೀಮಾಳ ಅಮ್ಮ


ಮೋಸುಲ್, ೮ ಜನವರಿ ೧೯೮೩

ರಾತ್ರಿ ಸಾಬಿರ್‌ಗೆ ನಿದ್ದೆ ಬರಲಿಲ್ಲವೆಂದು ನಿನಗೆ ಹೇಳಿದವರು ಯಾರು?

ನಿನ್ನ ಪತ್ರವನ್ನು ಹಿಂದೆ ಮುಂದೆ ಓದಿದೆ. ಸಾಬಿರ್‌ನ ಕೂದಲು, ಸಾಬಿರ್‌ನ ಮುಂಗೈ, ಸಾಬಿರ್‌ನ ಗಟ್ಟಿ ಜೀವ. ಓಣಿಯ ಹೆಂಗಸರೆಲ್ಲ ಅವನ ಸುತ್ತ ನಿಂತು ನಗುತ್ತಾರೆ, ನೀನು ಅದನ್ನು ಚೆಂದವೆಂದು ನನಗೆ ಬರೆಯುತ್ತೀಯ. ನಾನಿಲ್ಲಿ ಏನಾಗಿ ಬಿದ್ದಿದ್ದೇನೆ ಎಂದು ತಿಳಿದುಕೊಂಡಿದ್ದೀಯ?

ಅವನು ಇನ್ನು ಆ ಗಾಡಿ ಮುಟ್ಟಕೂಡದು. ಗಲಾಲ್‌ಗೆ ಇವತ್ತೇ ಬೇರೆ ಪತ್ರ ಹಾಕಿದ್ದೇನೆ, ಮೂಲೆಯನ್ನು ಅವನೇ ನೋಡಿಕೊಳ್ಳಲಿ. ಮೂಲೆ ಹೋದರೂ ಚಿಂತೆಯಿಲ್ಲ, ಮಾನ ಉಳಿಯಲಿ. ಉತ್ತರ ಬರೆಯಬೇಡ.

ರಜಬ್


ಕೈರೋ, ೫ ಫೆಬ್ರವರಿ

ರಜಬ್,

ಬೇಡವೆಂದಿರಿ, ಆದರೂ ಬರೆಯುತ್ತಿದ್ದೇನೆ. ಇದರ ಜೊತೆಗೆ ಅಕ್ಟೋಬರಿನಲ್ಲಿ ಬರೆದು ಹಾಕದೆ ಇಟ್ಟುಕೊಂಡಿದ್ದ ಪತ್ರವೂ ಇದೆ. ಮೊದಲು ಅದನ್ನು ಓದಿ, ಆಮೇಲೆ ಇದನ್ನು.

ಓದಿದಿರಾ? ಉದ್ದ ಕೂದಲು ನನ್ನದು. ಸುಟ್ಟ ಮುಂಗೈ ನನ್ನದು. ನಿದ್ದೆಗೆಟ್ಟವಳು ನಾನು. ನಿಮಗೆ ಹೆದರಿ ನನ್ನ ಕೆಲಸಕ್ಕೆಲ್ಲ ಆ ಸೋಮಾರಿಯ ಹೆಸರಿಟ್ಟೆ. ಸುಳ್ಳು ಹೇಳಿದ್ದು ತಪ್ಪು, ಒಪ್ಪಿದೆ. ಆದರೆ ಹನ್ನೊಂದು ವರ್ಷ ಸಂಸಾರ ಮಾಡಿದವರು ನನ್ನ ಬಗ್ಗೆ ಹಾಗೆ ಎಣಿಸಿದಿರಲ್ಲ, ಅದು ಹಬೆಗಿಂತ ಹೆಚ್ಚು ಸುಟ್ಟಿತು. ಇದನ್ನು ನಿಮಗೆ ಹೇಳದೆ ಮುಂದಿನದು ಹೇಳಲಾರೆ.

ನಿಮ್ಮ ಪತ್ರ ನನ್ನ ಕೈ ಸೇರುವ ಮೊದಲೇ ಗಲಾಲ್‌ಗೆ ಬರೆದದ್ದು ಬಂತು. ಬೆಳಿಗ್ಗೆ ಜನ ತುಂಬಿದ ಹೊತ್ತಿಗೇ ಬಂದ, ಬಾಂಡಲೆ ಸಮೇತ.

"ಕರೀಮಾನ ಅಮ್ಮ, ಗಾಡಿ ತಳ್ಳು. ನಿನ್ನ ಗಂಡನೇ ಬರ್ದವ್ನೆ" ಅಂದ.

ನನಗೆ ನಂಬಿಕೆಯಾಗಲಿಲ್ಲ. ಕಾಫಿ ಅಂಗಡಿಯ ಹಾಜಿ ಮಿತ್ವಲ್ಲಿಯವರಿಗೆ ಕೊಟ್ಟು ಓದಿಸಿದ. ಹಾಜಿ ಕನ್ನಡಕ ಏರಿಸಿ, ಎಲ್ಲರೂ ಕೇಳುವಂತೆ ಓದಿದರು. 'ಸಾಬಿರ್‌ನನ್ನು ಅಲ್ಲಿಂದ ಎಬ್ಬಿಸಿ ನೀನು ನಿಲ್ಲು.'

"ಯಾವ ಸಾಬಿರು?" ಎಂದ ಅಬೂ ಸರೀ, ಬಾಯಿತುಂಬ ಕಾಳಿಟ್ಟುಕೊಂಡು. "ಅವನು ಪೋರ್ಟ್ ಸಯೀದ್‌ನಾಗೆ ಕೂತವ್ನೆ. ಅಲ್ಲಿಗೇ ಹೋಗಿ ಎಬ್ಬಿಸು ಹೋಗಪ್ಪ!"

ಜನ ಬಿದ್ದು ಬಿದ್ದು ನಕ್ಕರು. ನನಗೆ ನಗು ಬರಲಿಲ್ಲ. ನಿಮ್ಮ ಅಕ್ಷರ ನನಗೆ ಗೊತ್ತು, ಸೊಟ್ಟಗಿದ್ದರೂ.

ಗಲಾಲ್ ಕೆರಳಿದ. "ನಗ್ತೀರಾ? ನಗಿ. ಜಾಗ ರಜಬ್‌ದು. ರಜಬ್ ನಂಗೆ ಕೊಟ್ಟ. ಮುಗೀತು. ಹೆಂಗಸ್ರ ಹತ್ರ ನಂಗೇನು ಮಾತು?"

ಬಾಂಡಲೆಯನ್ನು ನನ್ನ ಗಾಡಿಯ ಮೇಲೆಯೇ ಇಟ್ಟ, ಬಟ್ಟಲುಗಳ ಪಕ್ಕ. ಅದನ್ನೆತ್ತಿ ನೆಲಕ್ಕಿಟ್ಟೆ.

"ಹಾಜಿ, ಒಂದು ಮಾತು ಕೇಳ್ತೀನಿ. ಈ ಮೂಲೆನ ರಜಬ್‌ಗೆ ಯಾರು ಕೊಟ್ಟಿದ್ದು?"

"ಅವರಪ್ಪ ಇದ್ದ, ಆಮೇಲೆ ಇವನು ನಿಂತ."

"ಅವರಪ್ಪನಿಗೆ ಯಾರು ಕೊಟ್ರು?"

ಹಾಜಿ ಗಡ್ಡ ನೀವಿಕೊಂಡರು. "ಕೊಡೋರು ಯಾರಮ್ಮ? ಬಂದ, ನಿಂತ."

"ಅಂದ್ರೆ ಇಲ್ಲಿ ಕೊಡೋದು ತಗೊಳೋದು ಇಲ್ಲ. ನಿಲ್ಲೋದು ಒಂದೇ. ನಮ್ಮೆಜಮಾನ್ರು ತಮ್ಮದಲ್ಲದ್ದನ್ನ ಹ್ಯಾಗೆ ಕೊಟ್ಟಾರು? ಅವರು ಮೋಸುಲ್‌ನಲ್ಲಿ ನಿಂತವ್ರೆ. ಸಾಬಿರ್ ಹೋದ್ಮೇಲೆ ಇಲ್ಲಿ ಯಾರು ನಿಂತ್ರು ಹೇಳಿ. ಮೊನ್ನೆ ಮಳೆ ಬಿದ್ದು ಓಣಿಯೆಲ್ಲ ಕೆಸರಾದಾಗ ಯಾರು ನಿಂತ್ರು? ಗಲಾಲ್ ನಿಂತನಾ?"

"ಆ ಕಟ್ಟಳೆ ಹೆಂಗಸರಿಗಲ್ಲ" ಎಂದ ಗಲಾಲ್.

ಆಗ ಯಾರೂ ನಗಲಿಲ್ಲ. ಎಲ್ಲರೂ ಹಾಜಿಯ ಮುಖ ನೋಡಿದರು. ಓಣಿಯಲ್ಲಿ ಕೊನೆಯ ಮಾತು ಅವರದು, ಅವರೂ ಹೆಂಗಸರಿಗಲ್ಲ ಎಂದಿದ್ದರೆ ಅಲ್ಲಿಗೆ ನನ್ನ ಕಥೆ ಮುಗಿಯುತ್ತಿತ್ತು, ಕರೀಮಾಳ ಶಾಲೆಯೂ ಮುಗಿಯುತ್ತಿತ್ತು. ಹಾಜಿ ಪತ್ರ ಮಡಚಿ ಗಲಾಲ್‌ನ ಜೇಬಿಗೆ ತುರುಕಿದರು.

"ನಮ್ಮಜ್ಜನ ಕಾಲದಿಂದ ಗಾಡಿ ನಿಂತವರದೇ ಮೂಲೆ ಅಂತಾನೇ ಕೇಳಿದ್ದು. ಗಂಡಸು ನಿಂತರೆ ಅಂತ ಯಾರೂ ಹೇಳಿದ್ದು ಕೇಳಿಲ್ಲ. ನಿಂಗೆ ಜಾಗ ಬೇಕಿದ್ರೆ ಇವಳು ಬಿಟ್ಟ ದಿನ ಬಾ." ಆಮೇಲೆ ಬಟ್ಟಲು ಚಾಚಿದರು. "ನಂಗೆ ನಿಂಬೆ ಒಂಚೂರು ಜಾಸ್ತಿ, ಮೇಸ್ತ್ರಿಯಮ್ಮ."

ಅವತ್ತಿನಿಂದ ಓಣಿ ನನ್ನನ್ನು ಹಾಗೆಯೇ ಕರೆಯುತ್ತಿದೆ.

ನಿಮ್ಮ ಮಾತನ್ನು ಹತ್ತು ಜನರೆದುರು ಮುರಿದಿದ್ದೇನೆ. ನಿಮಗೆ ಎಷ್ಟು ನೋಯುತ್ತದೆಂದು ಗೊತ್ತು, ಅದಕ್ಕೆ ಕಣ್ಣೀರು ಹಾಕಿದ್ದೂ ನಿಜ. ಆದರೆ ತಳ್ಳು ಎಂದಾಗ ತಳ್ಳಿದ್ದರೆ ಆ ಮೂಲೆ ನಿಮಗೂ ಇಲ್ಲ, ನನಗೂ ಇಲ್ಲ. ಇನ್ನು ಯಾರು ಹೇಳಿದರೂ ನಾನು ತಳ್ಳುವವಳಲ್ಲ.

ನಬವಿಯಾ


ಮೋಸುಲ್, ೯ ಏಪ್ರಿಲ್

ನಬವಿಯಾ,

ಎರಡು ತಿಂಗಳಾಯಿತು. ಎಷ್ಟು ಸಲ ಬರೆದೆ, ಎಷ್ಟು ಸಲ ಹರಿದೆ. ಹರಿದದ್ದನ್ನೆಲ್ಲ ಓದಿದ್ದರೆ ನೀನು ನನ್ನ ಮುಖ ನೋಡುತ್ತಿರಲಿಲ್ಲ. ಮೊದಲು ಬೈದೆ. ಆಮೇಲೆ ಬೈಗುಳ ಮುಗಿದು ಹೋಯಿತು. ಆಮೇಲೆ ಉಳಿದದ್ದು ನಾಚಿಕೆ.

ನಾನಿಲ್ಲಿ ಮೇಲ್ವಿಚಾರಕನಲ್ಲ. ಬಂದ ಮೊದಲ ದಿನವೇ ಗಾರೆ ಕೆಲಸಕ್ಕೆ ಆಗುವುದಿಲ್ಲವೆಂದು ಬಿಡಾರದ ಅಡುಗೆಮನೆಗೆ ಅಟ್ಟಿದರು. ಅಡುಗೆಗೂ ಅಲ್ಲ, ಪಾತ್ರೆಗೆ. ಆಳೆತ್ತರದ ಹಂಡೆಗಳ ಒಳಗಿಳಿದು ಉಜ್ಜುತ್ತೇನೆ. ಕೈ ಬಿರಿದದ್ದು ಪಾತ್ರೆ ತೊಳೆಯುವ ಸೋಡಾ ನೀರಿಗೆ. ನೀನು ಎಣ್ಣೆ ಹಚ್ಚಿಕೊಳ್ಳಿ, ಆಳುಗಳು ಮುಟ್ಟಲಿ ಎಂದು ಬರೆದದ್ದನ್ನು ಹಂಡೆಯೊಳಗೆ ಕುಳಿತು ನೆನೆಸಿಕೊಳ್ಳುತ್ತಿದ್ದೆ. ಓಣಿಯಲ್ಲಿ ಯಾರಿಗೂ ಹೇಳಬೇಡ. ಅಥವಾ ಹೇಳು, ಇನ್ನೇನು.

ಸಾಬಿರ್‌ನ ವಿಷಯದಲ್ಲಿ ನಾನು ಎಣಿಸಿದ್ದಕ್ಕೆ ಕ್ಷಮಿಸು. ದೂರ ಕುಳಿತವನ ತಲೆ ಸೈತಾನನ ಮನೆ. ನೀನು ಖಾಲಿ ಗಾಡಿಯ ಹಿಂದೆ ನಿಂತದ್ದನ್ನು ಮತ್ತೆ ಮತ್ತೆ ಓದಿದೆ. ನನ್ನ ಅಪ್ಪ ಕೂಡ ಖಾಲಿ ಗಾಡಿಯ ಹಿಂದೆ ನಿಂತವನಲ್ಲ.

ಸಾಕು ಈ ಊರು. ರಮದಾನಿನ ಮೊದಲೇ ಬರುತ್ತೇನೆ. ಬಂದ ಮೇಲೆ ನೀನು ಮೇಲೆ ಹೋಗಿ ವಿಶ್ರಾಂತಿ ತೆಗೆದುಕೋ. ಇಷ್ಟು ದಿನ ಕಷ್ಟಪಟ್ಟದ್ದು ಸಾಕು. ನಾನು ನಿಲ್ಲುತ್ತೇನೆ. ಜನರ ಕಣ್ಣಿಗೂ ಅದೇ ಸರಿ.

ರಜಬ್


ಕೈರೋ, ೨ ಮೇ

ರಜಬ್,

ಹಂಡೆಯ ವಿಷಯ ಓದಿ ಕರೀಮಾ ಮಲಗಿದ ಮೇಲೆ ಅತ್ತುಬಿಟ್ಟೆ. ನೀವೂ ನನ್ನ ಹಾಗೆಯೇ ಹೆದರಿದವರು ಎಂದು ಗೊತ್ತಾಯಿತಲ್ಲ, ಅದಕ್ಕೆ ಸಮಾಧಾನವೂ ಆಯಿತು. ಕ್ಷಮಿಸಿದ್ದೇನೆ, ಪೂರ್ತಿ ಅಲ್ಲ, ಉಳಿದದ್ದು ನೀವು ಬಂದ ಮೇಲೆ. ಬೇಗ ಬನ್ನಿ. ನಿಮ್ಮನ್ನು ನೋಡದೆ ಕಣ್ಣು ಬತ್ತಿದೆ.

ಆದರೆ ಮೇಲೆ ಹೋಗುವ ಮಾತು ಬಿಡಿ. ನಾನು ಹೋಗುವುದಿಲ್ಲ. ದಣಿವಾಗಿದೆ, ನಿಜ. ಕಾಲಿನ ನರ ಉಬ್ಬಿದೆ. ಆದರೆ ನಾನು ಮೇಲೆ ಕುಳಿತು ನಿಮ್ಮ ಗಾಡಿಗೆ ಕಿಟಕಿಯಿಂದ ಬುಟ್ಟಿ ಇಳಿಸುವ ಹೆಂಗಸಾಗಿ ಇನ್ನು ಉಳಿದಿಲ್ಲ. ಆಯಾಗಳು ಬೆಳಿಗ್ಗೆ ನನ್ನ ಹೆಸರು ಹಿಡಿದು ಕೂಗುತ್ತಾರೆ. ಅದು ನನಗೆ ಬೇಕು. ಹಾಗೆ ಹೇಳಲು ನಾಚಿಕೆಯಿಲ್ಲ.

ರಮದಾನಿನಲ್ಲಿ ಒಂದು ಗಡಿಗೆ ಸಾಲದು, ಎರಡು ಬೇಕಾಗುತ್ತದೆ. ದೊಡ್ಡದಾದ ಇನ್ನೊಂದನ್ನು ಕಲಾಯಿಗೆ ಕೊಟ್ಟಿದ್ದೇನೆ. ಅದರ ತಳ ಉಜ್ಜಲು ನನ್ನ ತೋಳು ಮುಟ್ಟುವುದಿಲ್ಲ. ಈರುಳ್ಳಿ ಹೆಚ್ಚಲು, ಬಟ್ಟಲು ಎತ್ತಲು, ಗಡಿಗೆ ತೊಳೆಯಲು ಒಬ್ಬರನ್ನು ಇಟ್ಟುಕೊಳ್ಳಬೇಕೆಂದು ಹುಡುಕುತ್ತಿದ್ದೇನೆ. ದೊಡ್ಡ ಪಾತ್ರೆ ತೊಳೆದು ಅಭ್ಯಾಸವಿದ್ದವರಾದರೆ ಒಳ್ಳೆಯದು. ಒಪ್ಪಿಗೆಯಿದ್ದರೆ ಬೇಗ ಬರೆಯಿರಿ. ಅಬೂ ಸರೀಯ ತಮ್ಮನೂ ಕೇಳುತ್ತಿದ್ದಾನೆ.

ನಬವಿಯಾ


ಮೋಸುಲ್, ೨೧ ಮೇ

ಮೇಸ್ತ್ರಿಯಮ್ಮನಿಗೆ ಸಲಾಮು.

ನಿನ್ನ ಪತ್ರ ಓದಿ ಮೊದಲು ಸಿಟ್ಟು ಬಂತು. ಬಿಡಾರದವರಿಗೆ ಓದಿ ಹೇಳಿದೆ, ಅವರು ಬಿದ್ದು ಹೊರಳಾಡಿ ನಕ್ಕರು. ಎರಡು ದಿನದ ಮೇಲೆ ನನಗೂ ನಗು ಬಂತು.

ಅಬೂ ಸರೀಯ ತಮ್ಮನಿಗೆ ಜಾಗ ಇಲ್ಲವೆಂದು ಹೇಳು. ಗುರುವಾರದ ಬಸ್ಸಿಗೆ ಚೀಟಿ ತೆಗೆದಿದ್ದೇನೆ.

ಒಂದೇ ಕರಾರು. ಗಡಿಗೆ ತೊಳೆಯುತ್ತೇನೆ, ಬಟ್ಟಲು ಎತ್ತುತ್ತೇನೆ, ಆದರೆ ಈರುಳ್ಳಿ ಮಾತ್ರ ಹೆಚ್ಚುವುದಿಲ್ಲ. ಬಂದ ಮೊದಲ ದಿನವೇ ನಿನ್ನ ಪಕ್ಕ ನಿಂತು ಕಣ್ಣೊರೆಸಿಕೊಂಡರೆ ಗಲಾಲ್ ಏನೆಂದುಕೊಂಡಾನು?

ರಜಬ್